ತಿರುವಿಗೊಂದು ಹಾಡು

ಅತ್ತೆಗೆ ಕಾರು ಹತ್ತಿದರೆ ಸಾಕು, ಹೊಟ್ಟೆ ತೊಳಸಲು ಶುರು. ಅದಕ್ಕೇ ಗುಡ್ಡದ ಮೇಲಿನ ಊರಿನಲ್ಲಿದ್ದ ತಂಗಿಯ ಮನೆಗೆ ಅವಳು ಹೋಗದೆ ವರ್ಷಗಳೇ ಉರುಳಿದ್ದವು. ಪ್ರತಿಸಲ ತಂಗಿಯೇ ಇಳಿದು ಬರುತ್ತಿದ್ದಳು. ಈಗ ತಂಗಿ ಕಾಲು ಮುರಿದುಕೊಂಡು ಹಾಸಿಗೆ ಹಿಡಿದಿದ್ದಳು. "ನಿಂಗೆ ನನಗಿಂತ ನಿನ್ನ ಹೊಟ್ಟೆನೇ ಹೆಚ್ಚಾಯ್ತಾ ಅಕ್ಕ?" ಎಂದು ಫೋನಿನಲ್ಲಿ ಅವಳು ಕೇಳಿದ ಮೇಲೆ ಅತ್ತೆಗೆ ಊಟ ಸೇರಲಿಲ್ಲ.

"ಹಾಡು ಇದ್ರೆ ಬರ್ತೀನಿ," ಎಂದಳು ಕೊನೆಗೆ.

ಅದರ ಅರ್ಥ ಮನೆಯವರಿಗೆಲ್ಲ ಗೊತ್ತಿತ್ತು. ಕಾರಿನಲ್ಲಿ ಕ್ಯಾಸೆಟ್ ಓಡುತ್ತಿದ್ದ ಕಾಲದಲ್ಲಿ, ಅದರ ಜೊತೆ ತಾನೂ ಹಾಡುತ್ತ ಕೂತರೆ ಅತ್ತೆಗೆ ಏನೂ ಆಗುತ್ತಿರಲಿಲ್ಲ. ಒಂದು ಹಾಡು ಮುಗಿಯುವಷ್ಟರಲ್ಲಿ ಮುಂದಿನದು ಅವಳ ನಾಲಿಗೆಯ ತುದಿಗೆ ಬಂದಿರುತ್ತಿತ್ತು. ಆ ಯಂತ್ರ ಕೆಟ್ಟು, ಪೆನ್‌ಡ್ರೈವ್ ಚುಚ್ಚುವ ಸ್ಟೀರಿಯೊ ಬಂದ ಮೇಲೆ ಅವಳು ಕಾರಿನ ಹತ್ತಿರ ಸುಳಿದಿರಲಿಲ್ಲ.

ಕೆಲಸ ತಮ್ಮನ ಮಗಳ ಕೊರಳಿಗೆ ಬಿತ್ತು. ರಕ್ತಪರೀಕ್ಷೆಯ ಲ್ಯಾಬಿನಲ್ಲಿ ಕೆಲಸ ಮಾಡುವ ಅವಳಿಗೆ ಮನೆಯಲ್ಲೆಲ್ಲ ಸೂಜಿ ಎಂದೇ ಹೆಸರು. ಅರೆಬರೆ ಕೆಲಸ ಅವಳಿಗೆ ಆಗಿಬರದು. ಆ ಕ್ಯಾಸೆಟ್ಟಿನ ಹಾಡುಗಳನ್ನು ಯಾವಾಗಲೋ ಕಂಪ್ಯೂಟರಿಗೆ ಇಳಿಸಿಟ್ಟಿದ್ದಳು. ಈಗ ಪಿಸುಗುಡುವ ಹಾಡಿನ ದನಿ ಏರಿಸಿ, ಕಿರುಚುವುದರ ದನಿ ತಗ್ಗಿಸಿ, ಕ್ಯಾಸೆಟ್ಟಿನ ಕ್ರಮದಲ್ಲೇ ಒಂದೊಂದರ ಹೆಸರಿನ ಮುಂದೆ ಅಂಕಿ ಬರೆದಳು. ಅರ್ಧ ಹಾಡುಗಳು ಎಂಪಿತ್ರೀ ಆಗಿದ್ದವು. ಅವನ್ನು ಪೆನ್‌ಡ್ರೈವಿಗೆ ಹಾಕಿದಳು. ಉಳಿದವು ಸ್ಟೀರಿಯೊಗೆ ಅರ್ಥವಾಗದ ಬೇರೆ ಬಗೆಯವು. ಅವನ್ನು ಎಂಪಿತ್ರೀ ಮಾಡಿ ಮರುದಿನ ಸೇರಿಸಿದಳು. ಕಂಪ್ಯೂಟರಿನಲ್ಲಿ ನುಡಿಸಿದರೆ ಥೇಟ್ ಹಳೆಯ ಕ್ಯಾಸೆಟ್ಟೇ.

"ಕಾರಲ್ಲಿ ಹಾಕಿ ನೋಡೇ ಒಂದ್ಸಲ," ಎಂದ ಅಪ್ಪ.

ಹಾಕಿದಳು. ಮೊದಲನೆಯ ಹಾಡು ಸ್ಫಟಿಕದಂತೆ ಕೇಳಿಸಿತು. ಒಂದು ಹನಿ ನೋಡಿ ಇಡೀ ದೇಹದ ಕತೆ ಹೇಳಿ ಅಭ್ಯಾಸವಾದವಳು, ಅಷ್ಟಕ್ಕೇ ತೃಪ್ತಳಾಗಿ ಎದ್ದು ಬಂದಳು.

ಹೊರಡುವ ದಿನ ಅತ್ತೆ ಮಡಿಲಲ್ಲಿ ಪ್ಲಾಸ್ಟಿಕ್ ಚೀಲ ಹಿಡಿದು ಅಪ್ಪನ ಪಕ್ಕ ಕೂತಳು. ಸೂಜಿ ಹಿಂದೆ. ಬಯಲಿನ ರಸ್ತೆಯಲ್ಲಿ ದೋಣಿಯ ಹಾಡು ಶುರುವಾಯಿತು. ಅತ್ತೆಯೂ ಹುಟ್ಟು ಹಾಕತೊಡಗಿದಳು. ಗುಡ್ಡದ ಬುಡಕ್ಕೆ ಬರುವಷ್ಟರಲ್ಲಿ ಹಾಡು ಮುಗಿಯಿತು. ಅತ್ತೆ ಕಣ್ಣು ಮುಚ್ಚಿ ಜೋಗುಳ ಎತ್ತಿಕೊಂಡಳು. ಸ್ಟೀರಿಯೊ ಮಾತ್ರ ಮೀಸೆಯವನೊಬ್ಬನನ್ನು ಗೇಲಿ ಮಾಡತೊಡಗಿತು.

ಅತ್ತೆಯ ಬಾಯಿ ತೆರೆದಂತೆಯೇ ಉಳಿಯಿತು. "ಏನೇ ಸೂಜಿ ಇದು? ಜೋಗುಳ ಎಲ್ಲಿ ಹೋಯ್ತು?"

ಸೂಜಿಗೆ ತಪ್ಪು ಹೊಳೆಯಿತು. ಕಂಪ್ಯೂಟರು ಅಂಕಿ ನೋಡುತ್ತದೆ. ಈ ಸ್ಟೀರಿಯೊ ಅಂಕಿಗಿಂಕಿ ಲೆಕ್ಕಕ್ಕಿಡದೆ, ಪೆನ್‌ಡ್ರೈವಿನೊಳಗೆ ಯಾವುದು ಮೊದಲು ಬಂತೋ ಅದನ್ನೇ ಮೊದಲು ನುಡಿಸುತ್ತಿದೆ. ಜೋಗುಳ ಮರುದಿನ ಬಂದದ್ದು.

"ಅಪ್ಪ, ಸ್ವಲ್ಪ ನಿಲ್ಸು."

"ಎಲ್ಲಿ ನಿಲ್ಸ್ಲಿ? ಹಿಂದೆ ಲಾರಿ ಬೆನ್ನು ಹತ್ತಿದೆ."

ಮೊದಲ ತಿರುವು ಬಂತು. ಅತ್ತೆಯ ಮುಖ ಬಿಳಿಚಿತು, ಕೈ ಚೀಲದ ಬಾಯಿ ಬಿಡಿಸಿತು. ಮೀಸೆಯ ಹಾಡು ಮುಗಿಯುತ್ತ ಬಂದಾಗ ಹಲ್ಲು ಕಚ್ಚಿ, "ಈಗ ಜೋಗುಳ ಬರ್ಲೇಬೇಕು," ಎಂದಳು.

"ಬರಲ್ಲ ಅಕ್ಕ. ಗಂಡ ಹೆಂಡ್ತಿ ಜಗಳದ್ದು ಬರುತ್ತೆ ನೋಡು."

"ನೀನ್ಯಾವ ದೊಡ್ಡ ಜ್ಯೋತಿಷಿನೋ! ಅದು ಬಂದ್ರೆ ತಂಗಿ ಮನೆ ಪಾತ್ರೆಯೆಲ್ಲ ನಾನು ತೊಳೀತೀನಿ. ಜೋಗುಳ ಬಂದ್ರೆ ನೀನು."

ಬಂದದ್ದು ಕೊಡೆಯ ಹಾಡು! ಇಬ್ಬರೂ ಸೋತರು. ಅತ್ತೆ ಡ್ಯಾಶ್‌ಬೋರ್ಡಿಗೆ ಒಂದು ಏಟು ಕೊಟ್ಟು, "ಥೂ ನಿನ್ನ, ತಲೆಹರಟೆ!" ಎಂದು ಸ್ಟೀರಿಯೊವನ್ನು ಬೈದಳು. ಬೈಯುತ್ತಲೇ ಕೊಡೆಯ ಹಾಡಿಗೆ ದನಿಗೂಡಿಸಿದಳು. ಅಷ್ಟರಲ್ಲಿ ಎರಡು ತಿರುವು ಹಿಂದೆ ಸರಿದಿದ್ದವು.

ಅಲ್ಲಿಂದ ಮುಂದೆ ಪ್ರತಿ ಹಾಡು ಮುಗಿಯುವಾಗಲೂ ಅಕ್ಕ ತಮ್ಮನ ನಡುವೆ ಅದೇ ಪಾತ್ರೆಯ ಪಂದ್ಯ, ಮರುಗಳಿಗೆ ಕೂಗಾಟ.

"ಏ ಸೂಜಿ, ಮುಂದಿಂದು ಯಾವ್ದು ಅಂತ ನಿಂಗೆ ಗೊತ್ತಾ?"

ಎರಡನೆಯ ಹಾಡಿನಲ್ಲೇ ಅವಳಿಗೆ ಇಡೀ ಸರದಿ ಹೊಳೆದುಹೋಗಿತ್ತು. ಹಿಂದಕ್ಕೆ ತನ್ನತ್ತ ಬಾಗಿದ್ದ ಅತ್ತೆಯ ಕಿವಿಯನ್ನೂ, ಜಾರಿ ಕಾಲಬುಡದಲ್ಲಿ ಬಿದ್ದಿದ್ದ ಚೀಲವನ್ನೂ ನೋಡಿದಳು. "ನಂಗೇನು ಗೊತ್ತು ಅತ್ತೆ, ಎಲ್ಲ ಕಲಸಿಹೋಗಿದೆ," ಎಂದಳು. ಕೆಲಸದಲ್ಲಿ ತಪ್ಪಾಯಿತೆಂದು ಅವಳು ಇಷ್ಟು ಖುಷಿಯಿಂದ ಎಂದೂ ಒಪ್ಪಿಕೊಂಡಿರಲಿಲ್ಲ.

ಕಾರು ನಿಂತಾಗ ತಂಗಿ ಬ್ಯಾಂಡೇಜಿನ ಕಾಲು ಸ್ಟೂಲಿನ ಮೇಲೆ ಚಾಚಿ ಬಾಗಿಲಲ್ಲೇ ಕಾಯುತ್ತಿದ್ದಳು. ಅತ್ತೆ ಸರಸರ ಮೆಟ್ಟಿಲು ಹತ್ತಿ ಅವಳ ಕೆನ್ನೆ ಹಿಂಡಿದಳು. "ನಿಮ್ಮಣ್ಣಂಗೆ ಪಾತ್ರೆ ಎಲ್ಲಿದೆ ತೋರ್ಸೇ. ಕೊನೇ ತಿರುವಲ್ಲಿ ಜೋಗುಳ ಬಂತು!"

ವಾಪಸು ಹೊರಡುವ ಮುನ್ನ ಸೂಜಿ ಲ್ಯಾಪ್‌ಟಾಪ್ ತೆರೆದು, ಹಾಡುಗಳನ್ನು ಕ್ಯಾಸೆಟ್ಟಿನ ಕ್ರಮಕ್ಕೆ ತರಲು ಕೂತಳು. ಅತ್ತೆ ಬಂದು ಹಿಂದೆ ನಿಂತಳು.

"ಸರಿ ಮಾಡಿದ್ರೆ ನೋಡು, ಕಾರೇ ಹತ್ತಲ್ಲ."

"ಹಂಗಾದ್ರೆ ಇದ್ದ ಹಾಗೇ ಇರ್ಲಾ?"

"ಬೇಡ, ಅದು ನಂಗೀಗ ಬಾಯಿಪಾಠ ಆಗೋಯ್ತು. ಬೇರೆ ಥರ ಕೆಡಿಸು."

ಸೂಜಿ ಎಲ್ಲವನ್ನೂ ಅಳಿಸಿ, ಕಣ್ಣು ಮುಚ್ಚಿ ಬೆರಳಿಗೆ ಸಿಕ್ಕಿದ್ದನ್ನು ಒಂದೊಂದಾಗಿ ಮತ್ತೆ ತುಂಬತೊಡಗಿದಳು.

"ಜೋಗುಳ ಹಾಕಿದ್ಯಾ?"

"ಹಾಕಿದೀನಿ."

"ಎಲ್ಲಿ?"

"ಹೇಳಲ್ಲ."

"ಕಳ್ಳಿ," ಎಂದು ತಲೆಗೊಂದು ಮೊಟಕಿ, ಅತ್ತೆ ಎಲ್ಲರಿಗಿಂತ ಮೊದಲೇ ಹೋಗಿ ಕಾರಿನಲ್ಲಿ ಕೂತಳು.