ಮರಳುದಿಬ್ಬಕ್ಕೆ ಹೋದ ದನಗಳು

"ನಿನ್ನ ದನ ಎಲ್ಲ ನಿನ್ನೆ ಸಂಜೇನೇ ಮರಳುದಿಬ್ಬಕ್ಕೆ ಹೋದ್ವಲ್ಲಪ್ಪ," ಎಂದಳು ಫುಲ್ಮತಿ, ಗಣಪತ್ ಎಸೆದ ದೋಣಿಯ ಹಗ್ಗವನ್ನು ಗೂಟಕ್ಕೆ ಸುತ್ತುತ್ತ. "ನಿನ್ ತಮ್ಮನ್ನ ಕೇಳ್ದೆ. ಹೊಸ ಹುಲ್ಲು ಮೇಯ್ಲಿ ಅಂತ ಅಂದ."

ಗಣಪತ್ ಸೀಚರಣ್ ದಡಕ್ಕೆ ಕಾಲಿಟ್ಟವನು ಜಾರಿದ. ಪಾರ್ಲಿಮೆಂಟಿಗೆ ಹೋಗಿ ನಾಲ್ಕು ವರ್ಷವಾದರೂ ಅವನಿಗೆ ಕೆಸರಿನ ಅಭ್ಯಾಸ ತಪ್ಪಿರಲಿಲ್ಲ, ಇವತ್ತು ತಪ್ಪಿತು. ಮಾರಿಪಾ ಹೊಳೆಯ ಗದ್ದೆಯವರು ಹಟ ಹಿಡಿದು ಅವನನ್ನು ಕಳಿಸಿದ್ದೇ ನೀರಿನ ವಿಷಯ ಬಂದಾಗ ನೀರಲ್ಲಿ ನಿಂತು ದುಡಿದವನೊಬ್ಬ ಅಲ್ಲಿರಲಿ ಎಂದು.

ಮೊನ್ನೆ ರಾಜಧಾನಿ ಜಾರ್ಜ್‌ಟೌನಿನಲ್ಲಿ, ಬಾಗಿಲು ಮುಚ್ಚಿದ ಸಭೆಯಲ್ಲಿ, ಆ ವಿಷಯ ಬಂದಿತ್ತು. ಮಳೆಗೆ ತುಂಬಿ ನಿಂತ ಮೇಲಿನ ದೊಡ್ಡ ಕೆರೆಯ ಏರಿ ಒಡೆದರೆ ಕರಾವಳಿಯ ಊರುಗಳೆಲ್ಲ ಮುಳುಗುತ್ತವೆ. ತೂಬೆತ್ತಿ ಮಾರಿಪಾಕ್ಕೆ ಬಿಟ್ಟರೆ ಗದ್ದೆಗಳು ಮಾತ್ರ ಹೋಗುತ್ತವೆ. ಗಣಪತ್ ಒಂದು ಗಂಟೆ ವಾದಿಸಿದ, ಕೊನೆಗೆ ಎಲ್ಲರ ಜೊತೆ ತಾನೂ ಕೈ ಎತ್ತಿದ. ಬೇರೆ ದಾರಿ ನಿಜಕ್ಕೂ ಇರಲಿಲ್ಲ. ಪ್ರಕಟಣೆ ಹೊರಡುವ ತನಕ ಯಾರೂ ಬಾಯಿ ಬಿಡಬಾರದು ಎಂದರು ಪಕ್ಷದ ಹಿರಿಯರು. ಅವನು ಬಾಯಿ ಬಿಟ್ಟದ್ದು ತಮ್ಮನೊಬ್ಬನ ಹತ್ತಿರ, ಅದೂ ದನವನ್ನು ನೀರೇರದ ಮರಳುದಿಬ್ಬಕ್ಕೆ ಸಾಗಿಸು ಎಂದಷ್ಟೇ. ಮನುಷ್ಯನಿಗೆ ಮೊದಲು ನೆನಪಾಗುವುದು ತನ್ನ ಹಟ್ಟಿಯೇ, ಏನು ಮಾಡೋಣ.

"ಚಾಚಿ, ಪ್ರಕಟಣೆ ಇವತ್ತು ಹೊರಟಿತು. ನಾಳೆ ಮಧ್ಯಾಹ್ನ ತೂಬು ಎತ್ತುತ್ತಾರೆ."

ಫುಲ್ಮತಿ ಗದ್ದೆಯ ಕಡೆ ತಿರುಗಿದಳು. ಗಂಡ ಹೋದ ಮೇಲೆ ಆ ಆರು ಎಕರೆ, ಎಂಟು ಹಸು ಅವಳೊಬ್ಬಳದೇ ಪಾಡು. ತೆನೆ ಈಗಷ್ಟೇ ಹಾಲುಗಟ್ಟಿತ್ತು, ಕೊಯ್ಯಲು ಇನ್ನೂ ಮೂರು ವಾರ ಬೇಕು. ಪೈರಂತೂ ಹೋದದ್ದೇ.

"ಹಸುಗಳನ್ನಾದ್ರೂ..." ಎಂದ ಗಣಪತ್.

"ಯಾವ್ದರಲ್ಲಿ ಸಾಗಿಸ್ಲಿ? ದನದ ದೋಣಿ ಹೊಳೆಗೆಲ್ಲ ಇರೋದೊಂದು. ಅದು ನಿನ್ ತಮ್ಮನ ಹತ್ರ ಇದೆ. ನಾಳೆ ಸಂಜೆಗೆ ವಾಪಸ್ಸು."

ಅವಳ ದನಿ ಏರಿರಲಿಲ್ಲ. ಏರಿದ್ದರೆ ಅವನಿಗೆ ಹಗುರವಾಗುತ್ತಿತ್ತು.

"ನಿನ್ನೆ ನಂಗೂ ಅನುಮಾನ ಬಂತು ಕಣೋ. ಅದೇ ದೋಣಿಗೆ ಹತ್ತಿಸೋಣ ಅಂತ ಹಸುಗಳ ಹಗ್ಗ ಬಿಚ್ಚೂ ಬಿಟ್ಟಿದ್ದೆ. ಆಮೇಲೆ, ಏನಾದ್ರೂ ಇದ್ರೆ ಗಣಪತ್ ನಂಗೆ ಹೇಳ್ದೆ ಇರ್ತಾನಾ ಅಂದ್ಕೊಂಡು ತಿರುಗ ಕಟ್ದೆ."

ದಾರಿಯುದ್ದಕ್ಕೂ ಜೋಡಿಸಿಕೊಂಡು ಬಂದಿದ್ದ ಪರಿಹಾರದ ಮಾತುಗಳನ್ನು ಅವನು ಶುರುಮಾಡಿದ. ಅರ್ಜಿ, ಸಮೀಕ್ಷೆ, ತಾನೇ ಮುಂದೆ ನಿಂತು ಕೊಡಿಸುವುದು. ಅವಳು ಕೇಳಿಸಿಕೊಂಡಳು. ಚಾ ಇಡಲೇ ಎಂದು ಕೇಳಿದಳು. ಬೇಡ, ಇನ್ನೂ ಹನ್ನೊಂದು ಮನೆಗೆ ಹೇಳಬೇಕು ಎಂದ. ಹಾಗಾದರೆ ಹೊರಡು, ಹೊತ್ತಾಗುತ್ತದೆ ಎಂದು ಅವಳೇ ದೋಣಿಯ ಹಗ್ಗ ಬಿಚ್ಚಿಕೊಟ್ಟಳು.

ಹೊಳೆಯ ತಿರುವಿನಲ್ಲಿ ಅವನು ಹಿಂದಿರುಗಿ ನೋಡಿದ. ಫುಲ್ಮತಿ ಕೊಟ್ಟಿಗೆಯ ಮುಂದೆ ಬಗ್ಗಿ, ಹಸುಗಳ ಕೊರಳ ಹಗ್ಗಗಳನ್ನು ಒಂದೊಂದಾಗಿ ಕಳಚುತ್ತಿದ್ದಳು. ಕಳಚಿದ ಹಸುಗಳು ಎಲ್ಲಿಗೂ ಹೋಗದೆ ಅವಳ ಸುತ್ತಲೇ ನಿಂತಿದ್ದವು.