ಕಾಲುವೆ ಬೀದಿಯ ಕೊನೆಯ ಸಿಡಿ

ಇನುಕೈ ಆ ಸಿಡಿಯನ್ನು ಮೆತ್ತನೆ ಬಟ್ಟೆಯಲ್ಲಿ ಸುತ್ತಿ, ಎದೆಗವಚಿಕೊಂಡು ಮೆಟ್ಟಿಲು ಹತ್ತಿ ಬಂದ. ಹಳೇ ಕಂಪ್ಯೂಟರ್ ಆಟಗಳನ್ನು ಹಾಳಾಗದಂತೆ ಉಳಿಸಿಡುವ ಹಗಿನೊನ ಮಹಡಿ ಕೋಣೆ ಅದು, ಒಸಾಕಾದ ನಿಪ್ಪೊಂಬಾಶಿಯಲ್ಲಿ.

"ಏನಯ್ಯಾ, ಬಾಣಂತಿ ಕೂಸು ಎತ್ಕೊಂಡ್ಹಾಗೆ ಎತ್ಕೊಂಡು ಬಂದಿದ್ದೀಯ! ಕೊಡು ಇತ್ಲಾಗೆ," ಎಂದ ಹಗಿನೊ.

ಇನುಕೈಗೆ ನಗು ಬರಲಿಲ್ಲ. ಕಿಟಕಿಯ ಪಕ್ಕ ಮಿಜುಹೊ ಕೂತಿದ್ದರು. 'ಕಾಲುವೆ ಬೀದಿ' ಅವರೂ ಅವರ ತಂಗಿ ಚಿಗುಸಾಳೂ ಮನೆಯಲ್ಲೇ ಕೂತು ಮಾಡಿ, ಸಿಡಿಗೆ ಬರೆದು ಮಾರಿದ ಆಟ. ಅದರಲ್ಲಿ ಗೆಲ್ಲುವುದು ಸೋಲುವುದು ಏನೂ ಇಲ್ಲ. ಪುಟ್ಟ ಬೀದಿಯೊಂದರಲ್ಲಿ ಮನೆ ಹಿಡಿದು, ತೋಫು ಕೊಂಡು, ಬಟ್ಟೆ ಒಣಹಾಕಿ, ನೆರೆಯವರೊಡನೆ ಹರಟುತ್ತ ಬಾಳುವುದಷ್ಟೆ. ಸಂಜೆಯಾದರೆ ತೋಫು ಮಾರುವವಳು ಗುನುಗುತ್ತ ಹೋಗುತ್ತಾಳೆ. ಆ ದನಿ ಚಿಗುಸಾಳದು. ಅವಳು ತೀರಿಕೊಂಡಾಗ ಮಿಜುಹೊ ಸಂಕಟ ತಾಳಲಾರದೆ ಕಂಪ್ಯೂಟರು, ಸಿಡಿ ಎಲ್ಲವನ್ನೂ ಕಸಕ್ಕೆ ಹಾಕಿಬಿಟ್ಟಿದ್ದರು. ಈಗ ಮುದುಕಿಯಾದ ಮೇಲೆ ತಂಗಿಯ ದನಿ ಒಂದೇ ಒಂದು ಸಲ ಕೇಳಬೇಕೆಂಬ ಆಸೆ. ಹುಡುಕಿ ಹುಡುಕಿ, ಆ ಸಿಡಿ ಇನ್ನೂ ಇಟ್ಟುಕೊಂಡವನು ಅಂತ ಸಿಕ್ಕವನು ಇನುಕೈ ಒಬ್ಬನೇ.

ಇನುಕೈಯಂಥ ಆಟದ ಹುಚ್ಚಿನವರು ಮೆಚ್ಚಿದ ಆಟವನ್ನು ಎರಡೆರಡು ಕೊಳ್ಳುತ್ತಾರೆ: ಆಡಲು ಒಂದು, ಇಡಲು ಒಂದು. ಆಡಿದ್ದು ಗೀರು ಬಿದ್ದು ಕೆಟ್ಟಾಗ ಎಸೆದ. ಇಟ್ಟದ್ದರ ಅಂಟುಕಾಗದವನ್ನೂ ಬಿಡಿಸಲಿಲ್ಲ. ಹಾಗಿಟ್ಟರೇ ಮಾಡಿದವರಿಗೆ ಮರ್ಯಾದೆ ಅಂತ ಅವನ ನಂಬಿಕೆ.

ಹಗಿನೊ ಅಂಟು ಬಿಡಿಸಿ ಸಿಡಿಯನ್ನು ಬೆಳಕಿಗೆ ಹಿಡಿದ. ಅಲ್ಲಲ್ಲಿ ಅದರ ನೀಲಿ ಬಣ್ಣ ಹಾರಿ ಬಿಳಿಚಿಕೊಂಡಿತ್ತು. ಒಂದು ಯಂತ್ರಕ್ಕೆ ಹಾಕಿದ, ಇನ್ನೊಂದಕ್ಕೆ ಹಾಕಿದ. ತಿರುಗಿತು, ನಿಂತಿತು.

"ಸತ್ತಿದೆ ಕಣೋ. ಮನೇಲಿ ಬರೆದ ಸಿಡಿಗೆ ಆಯಸ್ಸು ಕಮ್ಮಿ. ಒಂದು ನಕಲು ತೆಗ್ದಿಟ್ಕೋಬಾರ್ದಿತ್ತಾ?"

"ನಕಲು ಮಾಡ್ಬೇಡಿ ಅಂತ ಸಿಡಿ ಜೊತೆಗಿದ್ದ ಚೀಟೀಲಿ ಬರ್ದಿದ್ರು."

"ಹಾಗೆ ಬರೆಸಿದ್ದು ನಾನೇ," ಎಂದರು ಮಿಜುಹೊ. "ಜನ ಹಂಚ್ಕೊಂಡ್ರೆ ಹಂಚ್ಕೊಳ್ಲಿ ಬಿಡಕ್ಕಾ ಅಂದ್ಲು ಚಿಗುಸಾ. ನಾನೇ ಗದರಿದೆ."

ಹಗಿನೊ ಚಹಾ ತಂದಿಟ್ಟ.

"ಹೋಗ್ಲಿ ಬಿಡಿ ಇನುಕೈಯವ್ರೇ," ಎಂದರು ಮಿಜುಹೊ. "ನೀವು ಆಡಿದ್ದೀರಲ್ಲ, ಆ ರಾಗ ಕಿವೀಲಿ ಇದ್ದೇ ಇರುತ್ತೆ. ಒಂಚೂರು ಗುನುಗಿ. ನಂಗೆ ಶುರು ಮಾತ್ರ ನೆನಪಿದೆ, ಮುಂದಕ್ಕೆ ಬರ್ತಿಲ್ಲ."

ಇನುಕೈ ತಲೆ ತಗ್ಗಿಸಿದ. ಬಾಯಿಗೆ ಬಂದದ್ದೇನಾದರೂ ಗುನುಗಿಬಿಡಬಹುದಿತ್ತು, ಮನಸ್ಸು ಒಪ್ಪಲಿಲ್ಲ.

"ಆಗ ಬಾಡಿಗೆ ಕೋಣೇಲಿದ್ದೆ. ಗೋಡೆ ಅಂದ್ರೆ ಹಲಗೆ. ಪಕ್ಕದವ್ರಿಗೆ ತೊಂದ್ರೆ ಆಗ್ಬಾರ್ದು ಅಂತ ಸೌಂಡು ಪೂರ್ತಿ ಆಫ್ ಮಾಡ್ಕೊಂಡೇ ಆಡ್ತಿದ್ದೆ."

"ಒಂದು ಸಲಾನೂ ಕೇಳ್ಲಿಲ್ವಾ?"

"ಸ್ವಂತ ಮನೆ ಆದ್ಮೇಲೆ ಕೇಳೋಣ ಅಂದ್ಕೊಂಡೆ. ಅಷ್ಟ್ರಲ್ಲಿ ಆಡೋ ಸಿಡಿ ಕೆಟ್ಹೋಯ್ತು, ಇದನ್ನ ಬಿಡಿಸೋಕೇ ಮನಸ್ಸು ಬರ್ಲಿಲ್ಲ."

ಮಿಜುಹೊ ಲೋಟವನ್ನು ಕೈಯಲ್ಲೇ ತಿರುಗಿಸುತ್ತ ಕೂತರು. "ಅವಳು ಬೀದೀಲಿ ತೋಫು ಮಾರ್ತಾ ಹೋಗೋದಾದ್ರೂ ನೋಡಿದ್ರಲ್ಲ. ಹೇಗೆ ಹೋಗ್ತಿದ್ಲು?"

"ಗಾಡಿ ತಳ್ಕೊಂಡು. ಸೇತುವೆ ಹತ್ರ ನಿಂತು ಒಂದ್ಸಲ ತಿರುಗಿ ನೋಡೋಳು. ಬಾಯಿ ಆಡಿಸೋಳು."

"ಹಾಡ್ತಿದ್ಲು."

"ಹೌದು," ಎಂದ ಇನುಕೈ. "ಹಾಡ್ತಿದ್ದಿರಬೇಕು."