ಬಿಲದ ಇಲಿ ಇನ್ನೊಂದು

ಗಂಡ ಪೌಲ್ ಕಣ್ಣು ಮುಚ್ಚುವ ಮುಂಚೆ ಅಮಲಮೇರಿ ಅವನಿಗೆ ಮಾತು ಕೊಟ್ಟಿದ್ದಳು: ಹಿತ್ತಲಿನ ಆ ಬಿಲದ ಇಲಿ ಇನ್ನೊಂದು ಸಿಕ್ಕರೆ ಮ್ಯೂಸಿಯಮ್ಮಿಗೆ ಕಳಿಸುತ್ತೇನೆ ಎಂದು. ದೊರೆಗಳಿಗಾಗಿ ಪ್ರಾಣಿಗಳ ಚರ್ಮ ಸುಲಿದು ಹತ್ತಿ ತುಂಬುತ್ತಿದ್ದ ಪೌಲ್‌ಗೆ ಸಿಕ್ಕಿ, ಅವನು ಮ್ಯೂಸಿಯಮ್ಮಿಗೆ ಕಳಿಸಿದ್ದು ಒಂದೇ ಒಂದು. ಒಂದನ್ನೇ ನೋಡಿ ಹೊಸ ಜಾತಿ ಎಂದು ಅವನ ಹೆಸರಿಡಲಾಗದು, ಇನ್ನೊಂದರ ತಲೆಬುರುಡೆ, ಹಲ್ಲು ಬೇಕು ಎಂದು ಅಲ್ಲಿಂದ ಉತ್ತರ ಬಂದಿತ್ತು.

ಅವನು ಹೋಗಿ ಎರಡು ವರ್ಷವಾದ ಮೇಲೆ, ಪೌಲ್‌ಗೆ ಪ್ರಾಣಿ ಹಿಡಿದುಕೊಡುತ್ತಿದ್ದ ಬೋಗಾದಿಯ ಚೆಲುವಯ್ಯ, ಹಿತ್ತಲ ಬಿಲದ ಬಳಿ ತಾನಿಟ್ಟಿದ್ದ ಬೋನು ಹಿಡಿದು ಬಂದ.

“ಸಿಕ್ಬುಡ್ತು ಕಣಕ್ಕ! ಇನ್ಮೇಲೆ ಇಲಿಗೆ ನಮ್ ಪೌಲಣ್ಣನ ಹೆಸ್ರೇ!”

“ಇಲಿಗಾ? ಅವರಿದ್ದಿದ್ರೆ ಎಷ್ಟು ಜಂಬ ಪಡೋರು!” ಎಂದು ಅವಳು ನಕ್ಕಳು.

“ಕೊಂದು ಕೊಡ್ಲಾ?”

“ಇಟ್ಟು ಹೋಗಪ್ಪ, ನಾನೇ ನೋಡ್ಕೋತೀನಿ.”

ಚೆಲುವಯ್ಯ ಹೋದ ಮೇಲೆ ಮನೆ ಮತ್ತೆ ಬಿಕೋ ಎಂದಿತು. ಲಾಟೀನು ಹಚ್ಚುವ ಹೊತ್ತಿಗೆ ಹಿತ್ತಲ ಗೋಡೆಯಾಚೆ ಈ ಇಲಿ ಮಣ್ಣು ಕೆರೆಯುವ ಸದ್ದೊಂದೇ ಇಷ್ಟು ದಿನ ಅವಳಿಗೆ ಜೊತೆಯಾಗಿತ್ತು. ಅದು ಕೇಳಿಸಿದ ಮೇಲೆಯೇ ಅವಳು ತನ್ನೊಬ್ಬಳಿಗೆ ಅನ್ನಕ್ಕೆ ಇಡುತ್ತಿದ್ದಳು. ಗಂಡನ ಹೆಸರು ಉಳಿಯಬೇಕಾದರೆ ಈಗ ಇದು ಸಾಯಬೇಕಿತ್ತು.

ಅವಳು ಬೋನನ್ನು ಬಿಲದ ಬಾಯಿಗೆ ಒಯ್ದು ಬಾಗಿಲು ಎತ್ತಿದಳು. ಕೊಟ್ಟ ಮಾತನ್ನು ಉಳಿಸಿಕೊಳ್ಳಲಿಲ್ಲ.